ವರ್ಗಾವಣೆ ಆದೇಶ ಬಂದಿದೆ, ರಜೆ ಹಾಕಿದರೆ ಉಳಿಯಬಹುದೇ?

ಪ್ರಶ್ನೆ: ನಾನು ತಾಲ್ಲೂಕು ಮಟ್ಟದ ಸರ್ಕಾರಿ ಕಚೇರಿಯೊಂದರಲ್ಲಿ ಪ್ರಥಮ ದರ್ಜೆ ಸಹಾಯಕಿ. ಇಲ್ಲಿಗೆ ಬಂದು ಹನ್ನೊಂದು ತಿಂಗಳಾಗುವಷ್ಟರಲ್ಲಿ ಜಿಲ್ಲೆಯ ಇನ್ನೊಂದು ತುದಿಗೆ ವರ್ಗವಾಗಿದೆ. ನನ್ನ ಜಾಗಕ್ಕೆ ಬರುವವರು ಶಾಸಕರ ಪತ್ರ ತಂದಿದ್ದಾರಂತೆ. ಮಗ ಎಸ್ಸೆಸ್ಸೆಲ್ಸಿಯಲ್ಲಿದ್ದಾನೆ. ಆದೇಶದ ಪ್ರತಿ ಪಡೆಯದೆ ವೈದ್ಯಕೀಯ ರಜೆಯಲ್ಲಿದ್ದೇನೆ. ಹೈಕೋರ್ಟಿಗೆ ಹೋಗಬಹುದೇ?

ಉತ್ತರ: ಮೊದಲು ಆ ರಜೆಯ ವಿಚಾರ. ಆದೇಶ ಕೈಗೆ ಮುಟ್ಟದಿದ್ದರೆ ವರ್ಗಾವಣೆಯೇ ಆಗುವುದಿಲ್ಲ ಎಂಬ ನಂಬಿಕೆ ನಮ್ಮ ಕಚೇರಿಗಳಲ್ಲಿ ಗಟ್ಟಿಯಾಗಿ ಬೇರೂರಿದೆ. ನಡೆಯುವುದು ಬೇರೆ. ನಿಮ್ಮ ಗೈರುಹಾಜರಿಯಲ್ಲೇ ಬಿಡುಗಡೆ ಮಾಡಿ, ಬಂದವರಿಗೆ ಪ್ರಭಾರ ವಹಿಸಿಬಿಡುತ್ತಾರೆ. ಆಮೇಲೆ ತಡೆಯಾಜ್ಞೆ ಕೇಳಿದರೆ, ‘ಆದೇಶ ಆಗಲೇ ಜಾರಿಯಾಗಿದೆ’ ಎಂದು ಸರ್ಕಾರಿ ವಕೀಲರು ಒಂದೇ ಮಾತಿನಲ್ಲಿ ಮುಗಿಸುತ್ತಾರೆ. ಮನವಿ ಕೊಟ್ಟಿದ್ದೇನೆ ಎಂಬ ಕಾರಣಕ್ಕೆ ಹೊಸ ಜಾಗಕ್ಕೆ ಹೋಗದಿರುವಂತಿಲ್ಲ ಎಂದು ಸುಪ್ರೀಂ ಕೋರ್ಟ್ 1989ರಲ್ಲೇ ಗುಜರಾತ್ ವಿದ್ಯುತ್ ಮಂಡಳಿಯ ಪ್ರಕರಣದಲ್ಲಿ ಹೇಳಿದೆ. ಆದ್ದರಿಂದ ಇಂದೇ ಪ್ರತಿ ಪಡೆದುಕೊಳ್ಳಿ.

ನೇರವಾಗಿ ಹೈಕೋರ್ಟಿಗೆ ಹೋಗುವಂತಿಲ್ಲ. ರಾಜ್ಯ ಸರ್ಕಾರಿ ನೌಕರರು 1985ರ ಆಡಳಿತ ನ್ಯಾಯಮಂಡಳಿಗಳ ಕಾಯ್ದೆಯ 19ನೇ ಕಲಮಿನಡಿ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ (ಕೆಎಟಿ) ಅರ್ಜಿ ಹಾಕಬೇಕು. ಬೆಂಗಳೂರಿನ ಜೊತೆಗೆ ಬೆಳಗಾವಿ, ಕಲಬುರಗಿಗಳಲ್ಲೂ ಅದರ ಪೀಠಗಳಿವೆ. ಅಲ್ಲಿನ ತೀರ್ಪು ಒಪ್ಪಿಗೆಯಾಗದಿದ್ದರೆ ಮಾತ್ರ ಹೈಕೋರ್ಟಿನ ವಿಭಾಗೀಯ ಪೀಠ.

ಈಗ ಕಾರಣಗಳು. ಮಗನ ಪರೀಕ್ಷೆ ನಿಮಗೆ ದೊಡ್ಡದು, ಕಾನೂನಿನ ಕಣ್ಣಿಗೆ ಅಷ್ಟಲ್ಲ; ಹೆಚ್ಚೆಂದರೆ ‘ಮನವಿ ಪರಿಶೀಲಿಸಿ’ ಎಂಬ ನಿರ್ದೇಶನ ಸಿಗಬಹುದು. ಶಾಸಕರ ಪತ್ರವನ್ನೇ ನೆಚ್ಚಿಕೊಂಡವರು ಸೋತದ್ದೇ ಹೆಚ್ಚು. ಜನಪ್ರತಿನಿಧಿಯ ಶಿಫಾರಸು ಇದ್ದ ಮಾತ್ರಕ್ಕೆ ವರ್ಗಾವಣೆ ಕೆಡುವುದಿಲ್ಲ ಎಂದು 2007ರಲ್ಲಿ ಸುಪ್ರೀಂ ಕೋರ್ಟ್ ಹೇಳಿಯಾಗಿದೆ. ನನಗದು ಅಷ್ಟಾಗಿ ರುಚಿಸಿಲ್ಲ, ಆದರೆ ಸದ್ಯದ ಕಾನೂನು ಅದೇ.

ನಿಮ್ಮ ಕೈಯಲ್ಲಿರುವ ಗಟ್ಟಿ ಅಂಶ ಆ ಹನ್ನೊಂದು ತಿಂಗಳು. 2013ರ ಜೂನ್ 7ರ ವರ್ಗಾವಣೆ ಮಾರ್ಗಸೂಚಿಯ ಪ್ರಕಾರ ಅವಧಿಪೂರ್ವ ವರ್ಗಾವಣೆಗೆ, ಅಂದರೆ ಒಂದು ಜಾಗದಲ್ಲಿ ಇರಬೇಕಾದ ಕನಿಷ್ಠ ಅವಧಿ ಮುಗಿಯುವ ಮೊದಲೇ ಮಾಡುವ ವರ್ಗಾವಣೆಗೆ, ಕಾರಣ ದಾಖಲಾಗಿರಬೇಕು, ಮುಖ್ಯಮಂತ್ರಿಯವರ ಪೂರ್ವಾನುಮೋದನೆಯೂ ಬೇಕು. ‘ಪೂರ್ವ’ ಎಂಬ ಎರಡಕ್ಷರದ ಮೇಲೆಯೇ ಎಷ್ಟೋ ಅರ್ಜಿಗಳು ನಿಂತಿರುತ್ತವೆ. ಕಡತದ ಟಿಪ್ಪಣಿ ಹಾಳೆಯಲ್ಲಿ ಅನುಮೋದನೆಯ ದಿನಾಂಕ ಆದೇಶದ ದಿನಾಂಕಕ್ಕಿಂತ ಈಚಿನದ್ದಾಗಿದ್ದರೆ, ಅಥವಾ ಕಾರಣದ ಜಾಗದಲ್ಲಿ ‘ಸಾರ್ವಜನಿಕ ಹಿತದೃಷ್ಟಿಯಿಂದ’ ಎಂಬ ಸವಕಲು ಸಾಲೊಂದೇ ಇದ್ದರೆ ನಿಮ್ಮ ವಾದಕ್ಕೆ ಬಲ ಬರುತ್ತದೆ. ಮಾಹಿತಿ ಹಕ್ಕಿನಲ್ಲಿ ಕೇಳಿದರೆ ಮೂವತ್ತು ದಿನ ಕಾಯಬೇಕಾದೀತು. ಮೂಲ ಕಡತ ತರಿಸುವಂತೆ ನ್ಯಾಯಮಂಡಳಿಯನ್ನೇ ಕೋರಿ. ‘ಮಾರ್ಗಸೂಚಿ ಹಕ್ಕು ಕೊಡುವುದಿಲ್ಲ’ ಎಂಬ ಸುಪ್ರೀಂ ಕೋರ್ಟಿನ 1993ರ ಅಬ್ಬಾಸ್ ಪ್ರಕರಣದ ತೀರ್ಪನ್ನು ಎದುರು ಪಕ್ಷ ಖಂಡಿತ ಎತ್ತುತ್ತದೆ, ನಿಮ್ಮ ವಕೀಲರು ಉತ್ತರ ಸಿದ್ಧವಿಟ್ಟುಕೊಳ್ಳಲಿ.

ನಿಮ್ಮ ಜಾಗಕ್ಕೆ ಬರುವವರನ್ನೂ ಪ್ರತಿವಾದಿಯಾಗಿ ಸೇರಿಸಲು ಮರೆಯಬೇಡಿ. ಅವರು ಆಗಲೇ ಪ್ರಭಾರ ವಹಿಸಿಕೊಂಡಿದ್ದರೆ, ಆಕ್ಷೇಪಣೆಯನ್ನು ಬರಹದಲ್ಲಿ ಕೊಟ್ಟು ಹೊಸ ಜಾಗದಲ್ಲಿ ಹಾಜರಾಗಿ. ಅರ್ಜಿ ಅಲ್ಲಿಂದಲೂ ನಡೆಸಬಹುದು, ಸಂಬಳವೂ ನಿಲ್ಲುವುದಿಲ್ಲ.