ಯೂಸ್ಸಿ ಸ್ನೆಲ್ಮನ್ ಅವರ ಮೂಕಿ ಚಿತ್ರಗಳ ಬಗ್ಗೆ
ಫಿನ್ಲೆಂಡಿನ ಮೊದಲ ಕಥಾಚಿತ್ರದಲ್ಲಿ ನಟಿಸಿದ ಯೂಸ್ಸಿ ಸ್ನೆಲ್ಮನ್ ಅವರನ್ನು ಇಂದು ತೆರೆಯ ಮೇಲೆ ನೋಡಲು ಸಾಧ್ಯವೇ ಎಂದು ತಾವು ಕೇಳಿದ್ದೀರಿ. 1907ರ ಆ ಚಿತ್ರದ ಪ್ರತಿ ಉಳಿದಿಲ್ಲ. ಕಾಡಿನಲ್ಲಿ ಕಳ್ಳಭಟ್ಟಿ ಇಳಿಸುವವರು, ಅವರ ಬಳಿ ಬರುವ ಗಿರಾಕಿ, ಇಸ್ಪೀಟಾಟ, ಹೊಡೆದಾಟ, ಕೊನೆಗೆ ಪೊಲೀಸರ ಆಗಮನ, ಇಷ್ಟು ಕಥಾಸಾರವಷ್ಟೇ ನಮಗೆ ದಕ್ಕಿದೆ. ಸ್ನೆಲ್ಮನ್ ಮೂಲತಃ ಹೆಲ್ಸಿಂಕಿಯ ರಾಷ್ಟ್ರೀಯ ರಂಗಮಂದಿರದ ನಟರು. ಸಂಗೀತ ಸಂಯೋಜಕ ಸಿಬೇಲಿಯಸ್ ಅವರ ಮಗಳು, ನಟಿ ರೂತ್ ಅವರನ್ನು ಮದುವೆಯಾದದ್ದರಿಂದ ಮಾವನ ಹೆಸರಿನಿಂದಲೇ ಅವರನ್ನು ಗುರುತಿಸುವ ರೂಢಿಯಿದೆ. ಅದು ನನಗೆ ಸರಿಕಾಣದು. ಮೊದಲ ಚಿತ್ರದ ಸಹನಟ ತೆಉವೊ ಪುರೊ ಅವರೊಡನೆ ಸೇರಿ, ಮಿನ್ನಾ ಕಾಂತ್ ಅವರ ನಾಟಕವನ್ನು ಆಧರಿಸಿ ಅವರು ನಿರ್ದೇಶಿಸಿದ 1922ರ ‘ಅನ್ನಾ-ಲೀಸಾ’ ಮಾತ್ರ ಅದೃಷ್ಟವಶಾತ್ ಉಳಿದುಕೊಂಡಿದೆ. ಅವರ ಕೆಲಸವನ್ನು ಅರಿಯಲು ತಾವು ಅದರಿಂದಲೇ ಆರಂಭಿಸಬಹುದು.