ಟವೆಲ್ ಹೊದ್ದ ಅಮ್ಮ, ಮೇಷ್ಟ್ರ ಕೋಪ

ಮದ್ದೂರಿನ ನಿವೃತ್ತ ಮೇಷ್ಟ್ರೊಬ್ಬರ ಪತ್ರ: 'ಮೊಬೈಲಿನಲ್ಲಿ ಬರುವ ಕಿರುಚಿತ್ರಗಳಲ್ಲಿ ಒಬ್ಬನೇ ಹುಡುಗ ಅಪ್ಪ, ಅಮ್ಮ, ಅಜ್ಜಿ, ಪಕ್ಕದ್ಮನೆ ಆಂಟಿ ಎಲ್ಲಾ ಆಗುತ್ತಾನೆ. ತಲೆಗೆ ಟವೆಲ್ ಹಾಕಿಕೊಂಡರೆ ಹೆಂಗಸು! ಇದೂ ನಟನೆಯೇ? ನಮ್ಮೂರ ಕುರುಕ್ಷೇತ್ರ ನಾಟಕದ ಗತ್ತೆಲ್ಲಿ, ಇದೆಲ್ಲಿ? ರಾಜ್ಯೋತ್ಸವಕ್ಕೆ ಇಂಥವನನ್ನು ಕರೆಸಬೇಕಂತೆ. ಸಮಿತಿಯಲ್ಲಿ ನಾನೊಬ್ಬನೇ ಬೇಡ ಅಂದವನು.'

ಸಂಪಾದಕರ ಉತ್ತರ: ಮೇಷ್ಟ್ರೇ, ಒಂದು ಮಾತು ಒಪ್ಪುತ್ತೇನೆ. ಇಂಥ ಚಿತ್ರಗಳಲ್ಲಿ ಹೆಂಗಸರು ಅಂದ್ರೆ ಬರೀ ಜಗಳಗಂಟಿಯರು. ಅದು ಬೇಸರವೇ.

ಆದರೆ ಕುರುಕ್ಷೇತ್ರದ ಮಾತು ಎತ್ತಿದಿರಲ್ಲ, ಅಲ್ಲಿ ಪಾರ್ಟು ಹೇಗೆ ಸಿಗುತ್ತೆ ಅಂತ ನಿಮಗೆ ಗೊತ್ತಿಲ್ವಾ? ದುಡ್ಡು ಕಟ್ಟಬೇಕು. ದುರ್ಯೋಧನನಿಗೆ ಜಾಸ್ತಿ, ಸೈನಿಕನಿಗೆ ಕಮ್ಮಿ. ಈ ಹುಡುಗನ ಹತ್ತಿರ ಕಟ್ಟೋಕೆ ದುಡ್ಡಿಲ್ಲ, ಜೊತೆಗೆ ಜನವೂ ಇಲ್ಲ. ಅದಕ್ಕೇ ಎಲ್ಲಾ ಪಾರ್ಟೂ ಅವನದೇ.

ಇದೇನು ಹೊಸದೂ ಅಲ್ಲ. ಹರಿಕಥೆ ದಾಸರು ಕೈಯಲ್ಲಿ ಚಿಟಿಕೆ ಹಿಡಿದು ನಿಂತಲ್ಲೇ ಹನುಮಂತನಾಗಿ, ರಾವಣನಾಗಿ, ಸೀತೆಯಾಗಿ ಮಾತಾಡಿದರು. ಯಾರಾದರೂ ಸೀತೆಗೆ ಸೀರೆ ಎಲ್ಲಿ ಅಂತ ಕೇಳಿದರಾ? 1917ರಲ್ಲಿ ದಾದಾಸಾಹೇಬ್ ಫಾಲ್ಕೆಯವರ ಮೂಕಿ ಸಿನಿಮಾ 'ಲಂಕಾ ದಹನ'ದಲ್ಲಿ ಅಣ್ಣಾ ಸಾಳುಂಕೆ ಒಬ್ಬರೇ ರಾಮನೂ ಆದರು, ಸೀತೆಯೂ ಆದರು. 1921ರಲ್ಲಿ ಅಮೆರಿಕದ ಹಾಸ್ಯನಟ ಬಸ್ಟರ್ ಕೀಟನ್ 'ದಿ ಪ್ಲೇಹೌಸ್' ಎಂಬ ಕಿರುಚಿತ್ರದಲ್ಲಿ ವಾದ್ಯದವನಾದ, ನೋಡುವವನಾದ, ಒಂದೇ ಸಾಲಿನಲ್ಲಿ ಒಂಬತ್ತು ಜನವೂ ಆದ. ಆಗ ಕಂಪ್ಯೂಟರ್ ಎಲ್ಲಿತ್ತು? ಲೆನ್ಸನ್ನು ಮುಚ್ಚಿದ ಪಟ್ಟಿಗಳಲ್ಲಿ ಒಂದೊಂದನ್ನೇ ತೆರೆದು, ರೀಲು ಹಿಂದಕ್ಕೆ ಸುತ್ತಿ, ಅದರ ಮೇಲೇ ಮತ್ತೆ ಮತ್ತೆ ತೆಗೆದದ್ದು. ಕ್ಯಾಮೆರಾ ಕೈಯಲ್ಲಿ ತಿರುಗಿಸಬೇಕಿತ್ತು. ವೇಗ ಒಂಚೂರು ತಪ್ಪಿದರೂ ಒಂಬತ್ತೂ ಹಾಳು.

ಟವೆಲ್ ಬಿಡಿ, ಕಣ್ಣು ನೋಡಿ. ನನಗೆ ಇಷ್ಟವಾದ, ಈ ಹುಡುಗನದೇ ಒಂದು ಚಿತ್ರದಲ್ಲಿ ಅಮ್ಮ ಅವರೆಕಾಯಿ ಸುಲಿಯುತ್ತಾ ಕೂತಿರುತ್ತಾಳೆ. ಮಗ ಕೆಲಸ ಬಿಟ್ಟು ಬಂದಿದ್ದಾನೆ. ಅವಳು ತಲೆ ಎತ್ತಲ್ಲ. ಹುಳುಕು ಕಾಳೊಂದನ್ನು ಉಗುರಿನಿಂದ ಆಚೆ ಎಸೆದು, 'ಉಂಡ್ಯೇನ್ಲಾ?' ಅಂತಾಳೆ, ಅಷ್ಟೇ. ಮಗ ಉತ್ತರ ಕೊಡೋಕೆ ತಡ ಮಾಡ್ತಾನೆ. ಆ ಹೊತ್ತಿನಲ್ಲಿ ಎದುರಿಗೆ ಯಾರೂ ಇಲ್ಲ ಮೇಷ್ಟ್ರೇ, ಬರೀ ಗೋಡೆ. ಇಲ್ಲದ ಅಮ್ಮನ ಮುಖ ಯಾವ ಎತ್ತರದಲ್ಲಿದೆ, ಅವಳ ಮಾತು ಎಲ್ಲಿಗೆ ಮುಗಿಯುತ್ತೆ, ಎಲ್ಲಾ ಲೆಕ್ಕ ಇಟ್ಟುಕೊಂಡು ಅವನು ಕಾಯಬೇಕು. ಕಟ್ಟಿದ ಕಿರೀಟ ಜಾರದಂತೆ ಕಂದಪದ್ಯ ಹಾಡೋದಕ್ಕಿಂತ ಇದು ಸುಲಭ ಅಂತೀರಾ?

ಇನ್ನೂ ಒಂದು ಸಂಕಟ. ನಮ್ಮ ಮಂಡ್ಯದ ಮಾತು ಎಷ್ಟೋ ಸಿನಿಮಾಗಳಲ್ಲಿ ಪೆದ್ದನ ಬಾಯಿಗೇ ಮೀಸಲು. ಈ ಹುಡುಗ ಆ ಮಾತಲ್ಲಿ ಅಮ್ಮನನ್ನು ಗಂಭೀರವಾಗಿ ಕೂರಿಸಿದ್ದಾನೆ. ಅದಕ್ಕಾದರೂ ಬೆನ್ನು ತಟ್ಟಬೇಡವೇ? ತಟ್ಟೋದು ಅಂದ್ರೂ ನಮ್ಮ ಸಮಾರಂಭಗಳ ರೀತಿ ಗೊತ್ತೇ ಇದೆ. ಮೈಸೂರು ಪೇಟ, ಶಾಲು, ಹಣ್ಣಿನ ಬುಟ್ಟಿ, ಜೊತೆಗೆ ಮುಕ್ಕಾಲು ಗಂಟೆ ಭಾಷಣ. ಶಾಮಿಯಾನದವರಿಗೆ ಮುಂಗಡ ಕೊಡ್ತೀವಿ, ಮೈಕಿನವರಿಗೆ ಕೊಡ್ತೀವಿ. ನಗಿಸೋಕೆ ಬಂದವನು ಬಸ್ ಚಾರ್ಜ್ ಕೇಳಿದರೆ 'ಕಲಾಸೇವೆ ಕಣಪ್ಪಾ' ಅಂತೀವಿ.

ನವೆಂಬರಿಗೆ ಅವನನ್ನು ಕರೆಸಿ ಮೇಷ್ಟ್ರೇ, ಬೇಡ ಅನ್ನಬೇಡಿ. ಫೋನ್ ಮಾಡಿದಾಗ ಮೊದಲು ಸಂಭಾವನೆ ಎಷ್ಟು ಅಂತ ನೀವೇ ಕೇಳಿ.