ಅಪ್ಪನ ಆಪರೇಷನ್, ಮಗಳ ಬೇಸರ: ಇಲಿ ಸಾಲದೇ ಡಾಕ್ಟ್ರೇ?

ಪ್ರಶ್ನೆ: ಅಪ್ಪನಿಗೆ 68 ವರ್ಷ, ಹತ್ತು ವರ್ಷದಿಂದ ಪಾರ್ಕಿನ್‌ಸನ್. ಮಾತ್ರೆಯ ಪ್ರಭಾವ ಈಗ ಎರಡು ಗಂಟೆಯೂ ನಿಲ್ಲುವುದಿಲ್ಲ. ಮೆದುಳಿಗೆ ತಂತಿ ಇಳಿಸಿ ಕರೆಂಟು ಕೊಡುವ ಡಿಬಿಎಸ್ ಮಾಡಿಸಿ ಅಂದಿದ್ದಾರೆ. ಇದನ್ನು ಮಂಗಗಳಿಗೆ ಕಾಯಿಲೆ ಬರಿಸಿ ಕಲಿತದ್ದಂತೆ. ಪಿಯುಸಿ ಓದುವ ನನ್ನ ಮಗಳಿಗೆ ಇದು ತುಂಬಾ ಬೇಸರ ತಂದಿದೆ. ಇಲಿ ಸಾಲುತ್ತಿರಲಿಲ್ಲವೇ?
– ಓದುಗರೊಬ್ಬರು, ಹಾಸನ

ಉತ್ತರ: ಮಂಗಗಳ ಬಗ್ಗೆ ಮಗಳು ಕೇಳಿಸಿಕೊಂಡದ್ದು ನಿಜ. ಇಲಿ ಸಾಲಲಿಲ್ಲ ಎಂಬುದೂ ನಿಜ.

1982ರಲ್ಲಿ ಕ್ಯಾಲಿಫೋರ್ನಿಯಾದಲ್ಲಿ ಕೆಲವು ಯುವಕ ಯುವತಿಯರು ಇದ್ದಕ್ಕಿದ್ದಂತೆ ಕಲ್ಲಾಗಿ ಆಸ್ಪತ್ರೆ ಸೇರಿದರು. ಮಾತಿಲ್ಲ, ಅಲುಗಾಟವಿಲ್ಲ, ವಯಸ್ಸಾದವರ ಪಾರ್ಕಿನ್‌ಸನ್ ಇವರಿಗೆ ಕೆಲವೇ ದಿನಗಳಲ್ಲಿ ಬಂದಿತ್ತು. ಅವರೆಲ್ಲ ಚುಚ್ಚಿಕೊಂಡಿದ್ದು ಕದ್ದುಮುಚ್ಚಿ ತಯಾರಿಸಿದ ನಕಲಿ ಹೆರಾಯಿನ್. ಅದರಲ್ಲಿ ಬೆರೆತಿದ್ದ ಎಂಪಿಟಿಪಿ ಎಂಬ ವಿಷವೇ, ಚಲನೆಗೆ ಬೇಕಾದ ಡೋಪಮೈನ್ ಎಂಬ ರಾಸಾಯನಿಕ ತಯಾರಿಸುವ ಮೆದುಳಿನ ಕೋಶಗಳನ್ನು ಕೊಂದದ್ದೆಂದು ನರತಜ್ಞ ವಿಲಿಯಂ ಲ್ಯಾಂಗ್‌ಸ್ಟನ್ ತಂಡ 1983ರಲ್ಲಿ ಬರೆಯಿತು.

ಅದೇ ವಿಷ ಇಲಿಗೆ ಅಷ್ಟಾಗಿ ತಟ್ಟಲಿಲ್ಲ. ಮಂಗಕ್ಕೆ ಕೊಟ್ಟಾಗ ಅದು ಬೆನ್ನು ಬಾಗಿಸಿ ಕೂತಲ್ಲೇ ಕೂತಿತು, ಕೈಕಾಲು ಸೆಟೆದವು. ನಿಮ್ಮ ಅಪ್ಪ ನುಂಗುವ ಲೆವೊಡೋಪಾ ಕೊಟ್ಟರೆ ಮತ್ತೆ ಓಡಾಡಿತು. ಓದುವುದಕ್ಕೇ ಹಿಂಸೆ, ನನಗೂ.

ಆದರೆ ದಾರಿ ಸಿಕ್ಕಿದ್ದು ಅಲ್ಲೇ. ಮೆದುಳಿನ ಆಳದಲ್ಲಿ ಸಬ್‌ಥಲಾಮಿಕ್ ನ್ಯೂಕ್ಲಿಯಸ್ ಎಂಬ, ಕಾಳಿನಷ್ಟು ಪುಟ್ಟ ಭಾಗವಿದೆ. ಡೋಪಮೈನ್ ತಗ್ಗಿದಾಗ ಅದು ವಿಪರೀತ ಚಟುವಟಿಕೆಗೆ ಬಿದ್ದು ಚಲನೆಗೆ ಬ್ರೇಕ್ ಒತ್ತಿಹಿಡಿಯುತ್ತದೆ. ಅಮೆರಿಕದ ನರವಿಜ್ಞಾನಿ ಮಾಲನ್ ಡಿಲಾಂಗ್ ತಂಡ 1990ರಲ್ಲಿ ಅಂಥ ಮಂಗಗಳಲ್ಲಿ ಆ ಭಾಗವನ್ನು ನಿಷ್ಕ್ರಿಯಗೊಳಿಸಿದಾಗ ಅವುಗಳ ಸೆಟೆತ, ನಡುಕ ಇಳಿದವು. ಫ್ರಾನ್ಸಿನ ಗ್ರೆನೋಬಲ್‌ನಲ್ಲಿ ನಡುಕಕ್ಕೆ 1987ರಿಂದಲೇ ಮೆದುಳಿನ ಬೇರೊಂದು ಜಾಗಕ್ಕೆ ಕರೆಂಟು ಕೊಡುತ್ತಿದ್ದ ಮೆದುಳಿನ ಶಸ್ತ್ರಚಿಕಿತ್ಸಕ ಬೆನಾಬಿದ್, 1993ರಲ್ಲಿ ತಂತಿಯನ್ನು ಇದೇ ಜಾಗಕ್ಕೆ ಇಳಿಸಿದರು. ನಿಮ್ಮ ಅಪ್ಪನಿಗೆ ಹೇಳಿರುವುದು ಈ ಚಿಕಿತ್ಸೆಯೇ ಇರಬೇಕು.

ಹಾಗೆಂದು ಮಂಗದ ಮೇಲೆ ಮಾಡಿದ್ದೆಲ್ಲ ಮನುಷ್ಯನಿಗೆ ಒದಗಿತೆನ್ನಲಾರೆ. ನರಕೋಶಗಳನ್ನು ಕಾಯುವ ಜಿಡಿಎನ್‌ಎಫ್ ಎಂಬ ಪ್ರೋಟೀನ್ 1996ರಲ್ಲಿ ಮಂಗಗಳಲ್ಲಿ ಭಾರಿ ಭರವಸೆ ಹುಟ್ಟಿಸಿತು. ರೋಗಿಗಳ ಮೇಲಿನ ಪರೀಕ್ಷೆಗಳಲ್ಲಿ ಅದು ಉಳಿಯಲಿಲ್ಲ. ಮಂಗಕ್ಕೆ ಬರಿಸಿದ್ದು ದಿನಗಳಲ್ಲಿ ಆದ ವಿಷದ ಪೆಟ್ಟು, ಮನುಷ್ಯನದು ವರ್ಷಗಟ್ಟಲೆ ಒಳಗೊಳಗೇ ಸವೆತ. ಮೆದುಳಿನ ಸರ್ಕ್ಯೂಟ್ ಅರಿಯಲು ಮಂಗ ನೆರವಾಯಿತು, ಸವೆತ ತಡೆಯುವ ಔಷಧ ಹುಡುಕಲು ಅಷ್ಟಾಗಿ ಅಲ್ಲ. ಹಾಗಾಗಿ ಹೊಸ ಪ್ರಯೋಗಕ್ಕೆ ಮಂಗ ಬೇಕೆಂದು ಯಾರಾದರೂ ಕೇಳಿದರೆ, ಯಾವ ಪ್ರಶ್ನೆಗೆ ಎಂದು ಮೊದಲು ಕೇಳಬೇಕು. ಮಗಳಿಗೆ ಇನ್ನೊಂದು ಮಾತು ಹೇಳಿ: ಪ್ರಯೋಗಾಲಯಗಳಿಗೆ ಹೋಗುತ್ತಿದ್ದ ರೀಸಸ್ ಮಂಗಗಳ ರಫ್ತನ್ನು ನಮ್ಮ ದೇಶ 1978ರಲ್ಲೇ ನಿಲ್ಲಿಸಿತು.

ಇನ್ನು ಅಪ್ಪನ ವಿಚಾರ. ಮಾತ್ರೆ ಹತ್ತಿದ ಹೊತ್ತಿನಲ್ಲಿ ಅವರು ಚೆನ್ನಾಗಿ ಎದ್ದು ನಡೆಯುತ್ತಾರೆಯೇ? ಹಾಗಿದ್ದರೆ ಡಿಬಿಎಸ್‌ನಿಂದ ಗುಣ ಕಾಣುವ ಸಂಭವ ಹೆಚ್ಚು. ಮರೆವು, ಇಲ್ಲದ್ದು ಕಂಡಂತಾಗುವುದು ಇದ್ದರೆ ಆಪರೇಷನ್ ದಿನ ಗೊತ್ತುಮಾಡುವ ಮೊದಲೇ ವೈದ್ಯರಿಗೆ ತಿಳಿಸಿ.